ಉಳಿಯ ಪೆಟ್ಟಿಗೆ ಹಾಡು ಬೇಡ: ಕಲಬುರಗಿ ಸ್ಟುಡಿಯೋವೊಂದು ಮಾಡಿದ ಕಲಾವಿದರ ಮೂರು ಚಿತ್ರಗಳು

ಮದುವೆ ವಿಡಿಯೋಗಳಲ್ಲಿ ಹೆಸರು ಮಾಡಿದ ಕಲಬುರಗಿಯ ಒಂದು ಸ್ಟುಡಿಯೋ ಈಗ ಕಲಾವಿದರ ಮೇಲೆ ಕಿರು ಸಾಕ್ಷ್ಯಚಿತ್ರಗಳನ್ನೂ ಮಾಡಿಕೊಡುತ್ತಿದೆ. ಇಲ್ಲಿ ನೋಡುತ್ತಿರುವುದು ಅವರ ಮೂರು ಚಿತ್ರಗಳನ್ನು: ಬೀದರಿನ ಬಿದ್ರಿ (ಕಪ್ಪು ಲೋಹದಲ್ಲಿ ಬೆಳ್ಳಿ ಕೂರಿಸುವ ಕಲೆ) ಕುಶಲಕರ್ಮಿಯೊಬ್ಬರ ಮೇಲೆ 24 ನಿಮಿಷದ್ದು, ಸುರಪುರ ಶೈಲಿಯ (ಯಾದಗಿರಿ ಜಿಲ್ಲೆಯ ಸುರಪುರದ, ಚಿನ್ನದ ರೇಕು ಹಚ್ಚುವ ಚಿತ್ರಶೈಲಿ) ಚಿತ್ರಕಾರರೊಬ್ಬರ ಮೇಲೆ 14 ನಿಮಿಷದ್ದು, ಕಲಬುರಗಿಯ ತೈಲವರ್ಣ ಕಲಾವಿದರೊಬ್ಬರ ಮೇಲೆ 18 ನಿಮಿಷದ್ದು. ಮೂರು ದಿನದ ಚಿತ್ರೀಕರಣ, ಇಬ್ಬರು ಕ್ಯಾಮೆರಾದವರು, ಧ್ವನಿಗೆ ಒಬ್ಬರು, ಸಂಕಲನ ಮತ್ತು ಕನ್ನಡ ಉಪಶೀರ್ಷಿಕೆ ಸೇರಿ ಅವರ ದರ 75,000 ರೂಪಾಯಿ. ಬೀದರ್, ಯಾದಗಿರಿ ಕಡೆ ಹೋಗುವುದಾದರೆ ಗಾಡಿ, ಊಟ, ವಸತಿ ಬೇರೆ.

ಚಿತ್ರೀಕರಣದಲ್ಲಿ ಈ ತಂಡ ಗಟ್ಟಿಗರು. ಸಂಕಲನಕ್ಕೆ ಕೂತಾಗ ಮಾತ್ರ ಮದುವೆ ಮನೆಯ ಅಭ್ಯಾಸ ಬಿಟ್ಟಿಲ್ಲ. ಕಲಾವಿದನ ಕೈ ಎಷ್ಟು ಹೊತ್ತು ತೆಗೆದುಕೊಳ್ಳುತ್ತದೋ ಅಷ್ಟು ಹೊತ್ತನ್ನು ತೆರೆಯ ಮೇಲೂ ಕೊಡಬೇಕು ಎನ್ನುವುದನ್ನು ಅವರ ಕ್ಯಾಮೆರಾ ಅರಿತಿದೆ, ಕತ್ತರಿ ಅರಿತಿಲ್ಲ. ಹಾಗಿದ್ದೂ ಇವರಿಗೇ ಕೆಲಸ ಕೊಡಬಹುದು ಎನ್ನುತ್ತೇವೆ. ಏಕೆಂದರೆ ಕೆಟ್ಟ ಸಂಕಲನವನ್ನು ಮತ್ತೆ ಮಾಡಿಸಬಹುದು. ಚಿತ್ರೀಕರಣ ಕೆಟ್ಟರೆ ಏನೂ ಉಳಿಯುವುದಿಲ್ಲ.

ಮೊದಲು ಬಿದ್ರಿ ಚಿತ್ರ. ಕಷ್ಟವೂ ಇದರಲ್ಲೇ ಹೆಚ್ಚು, ಇವರ ಕೈಚಳಕ ಕಾಣುವುದೂ ಇದರಲ್ಲೇ.

ಬಿದ್ರಿಯ ಲೋಹದಲ್ಲಿ ಸತುವೇ ಹೆಚ್ಚು, ತಾಮ್ರ ಸ್ವಲ್ಪ. ಸಾಮಾನ್ಯವಾಗಿ ಹೇಳುವ ಲೆಕ್ಕ ಹದಿನಾರು ಪಾಲಿಗೆ ಒಂದು ಪಾಲು. ಕೆಮ್ಮಣ್ಣಿಗೆ ಹರಳೆಣ್ಣೆ, ರಾಳ ಬೆರೆಸಿ ಅಚ್ಚು ಕಟ್ಟಿ ಎರಕ ಹೊಯ್ಯುತ್ತಾರೆ. ಹೊರಬಂದ ಪಾತ್ರೆಯನ್ನು ಅರದಿಂದ ಉಜ್ಜಿ ನುಣುಪು ಮಾಡಿದಾಗ ಅದರ ಬಣ್ಣ ಬೂದು ಮಿಶ್ರಿತ ಬಿಳಿ. ಅದರ ಮೇಲೆ ಗೀರಿದ ಗೆರೆ ಕಾಣದು. ಅದಕ್ಕೆ ಮೈಲುತುತ್ತದ ನೀರು ಸವರಿ ತಾತ್ಕಾಲಿಕವಾಗಿ ಕಪ್ಪು ಮಾಡಿಕೊಂಡು, ಮೊನಚು ಕಡ್ಡಿಯಿಂದ ನೇರವಾಗಿ ಕೈಯಲ್ಲೇ ವಿನ್ಯಾಸ ಗೀರುತ್ತಾರೆ. ನಂತರ ಉಳಿಯಿಂದ ಕೆತ್ತನೆ, ಕೆತ್ತಿದ ಕಾಲುವೆಯೊಳಗೆ ಬೆಳ್ಳಿಯ ತಂತಿ ಅಥವಾ ತಗಡು ಕೂರಿಸುವುದು, ಮತ್ತೆ ಉಜ್ಜುವುದು. ಉಜ್ಜಿದಾಗ ಆ ತಾತ್ಕಾಲಿಕ ಕಪ್ಪು ಹೋಗಿ, ಬೆಳ್ಳಿಯೂ ಸತುವೂ ಹೆಚ್ಚುಕಡಿಮೆ ಒಂದೇ ಬಣ್ಣವಾಗಿ ಕೂರುತ್ತವೆ. ದಿನಗಟ್ಟಲೆ ಪಟ್ಟ ಪಾಡು ಕಣ್ಣಿಗೆ ಮಾಯವಾದಂತೆ. ಕೊನೆಗೆ ಬೀದರ್ ಕೋಟೆಯ ಮಣ್ಣು ಮತ್ತು ನವಸಾಗರ ಸೇರಿಸಿ ಕುದಿಸಿದ ನೀರಿನಲ್ಲಿ ಪಾತ್ರೆ ಅದ್ದಿದಾಗ ಸತುವಿನ ಮೈ ಮಾತ್ರ ಕಡುಗಪ್ಪಾಗುತ್ತದೆ, ಬೆಳ್ಳಿ ಬೆಳ್ಳಿಯಾಗಿಯೇ ಹೊಳೆಯುತ್ತದೆ. ಇಂಥ ಕೆಲಸದ ಮೇಲೆ ಚಿತ್ರ ಮಾಡುವವರು ಹೊರಗಿನಿಂದ ಕಥೆ ತರಬೇಕಿಲ್ಲ. ಕಾಣುವುದು, ಮರೆಯಾಗುವುದು, ಮತ್ತೆ ಕಾಣುವುದು: ಕಥೆ ಪಾತ್ರೆಯ ಮೈಮೇಲೇ ಇದೆ.

ಕೆತ್ತನೆಯ ದೃಶ್ಯಗಳು ನೋಡಿದಷ್ಟೂ ಸಾಲದು ಅನ್ನುವಂತಿವೆ. ಸಣ್ಣದನ್ನು ಹತ್ತಿರದಿಂದ ದೊಡ್ಡದಾಗಿ ತೋರಿಸುವ 100 ಎಂ.ಎಂ. ಮ್ಯಾಕ್ರೋ ಲೆನ್ಸ್ ಬಳಸಿದ್ದಾರೆ, ಅದು ಸರಿಯಾದ ಆಯ್ಕೆ. 50–60 ಎಂ.ಎಂ. ಮ್ಯಾಕ್ರೋ ಆದರೆ ಅಷ್ಟೇ ದೊಡ್ಡದಾಗಿ ತೋರಿಸಲು ಪಾತ್ರೆಯ ಮೂಗಿನ ಹತ್ತಿರ ಹೋಗಬೇಕು. ಕೆಲಸಗಾರನ ಮೇಲೆ ಲೆನ್ಸಿನ ನೆರಳು ಬೀಳುತ್ತದೆ, ಉಳಿಯಿಂದ ಹಾರುವ ಲೋಹದ ಚೂರು ಗಾಜಿಗೆ ಬಡಿಯುತ್ತದೆ. 100ರಲ್ಲಿ ಒಂದು ಗೇಣಿನ ಹತ್ತಿರದ ಅಂತರ ಸಿಗುತ್ತದೆ. ವಸ್ತುವಿನ ನಿಜವಾದ ಅಳತೆಯಲ್ಲೇ ಚಿತ್ರ ತೆಗೆಯುವಾಗ, ಫುಲ್ ಫ್ರೇಮ್ (ದೊಡ್ಡ ಸೆನ್ಸರಿನ) ಕ್ಯಾಮೆರಾದಲ್ಲಿ, ಲೆನ್ಸಿನ ಕಿಂಡಿ ಅಗಲವಾಗಿ ತೆರೆದ ಎಫ್ 2.8ಕ್ಕೆ ಸ್ಪಷ್ಟವಾಗಿ ಉಳಿಯುವ ಆಳ ಮಿಲಿಮೀಟರಿನ ಮೂರನೇ ಒಂದು ಭಾಗ. ಕಿಂಡಿ ಕಿರಿದು ಮಾಡಿ ಎಫ್ 8ಕ್ಕೆ ಹೋದರೆ ಸುಮಾರು ಒಂದು ಮಿಲಿಮೀಟರ್. ದುಂಡನೆಯ ಸುರಾಹಿಯ ಮೇಲೆ ಉಳಿ ಒಂದೊಂದು ಪೆಟ್ಟಿಗೂ ಮುಂದೆ ಸರಿಯುವಾಗ ಆ ಒಂದು ಮಿಲಿಮೀಟರೂ ಸಾಲದು. ಈ ತಂಡ ಒಂದು ಹೆಜ್ಜೆ ಹಿಂದೆ ಬಂದು, ವಸ್ತುವನ್ನು ಅರ್ಧ ಅಳತೆಗೆ ಇಳಿಸಿ, ಎಫ್ 8ರಲ್ಲೇ ಸುಮಾರು ಮೂರು ಮಿಲಿಮೀಟರ್ ಗಳಿಸಿಕೊಂಡಿದೆ. ಆಟೋ ಫೋಕಸ್ ಪೂರ್ತಿ ಬಂದ್. ಕೈಯಲ್ಲೇ ಫೋಕಸ್ ತಿರುಗಿಸಿದ್ದಾರೆ. ಉಳಿಯ ತುದಿ ತಪ್ಪಿದ್ದು ಇಡೀ ಚಿತ್ರದಲ್ಲಿ ಎರಡೇ ಕಡೆ.

ಕ್ಯಾಮೆರಾ ಇಟ್ಟ ಜಾಗವನ್ನೂ ಮೆಚ್ಚಬೇಕು. ಬಲಗೈಯವನನ್ನು ಬಲಗಡೆಯಿಂದ ಚಿತ್ರೀಕರಿಸಿದರೆ ತೆರೆ ತುಂಬ ಮುಂಗೈಯೇ ಇರುತ್ತದೆ, ಕೆಲಸ ಕಾಣುವುದಿಲ್ಲ. ಇದು ಹಳೆಯ ತಲೆನೋವು. 1950ರಲ್ಲಿ ಛಾಯಾಗ್ರಾಹಕ ಹಾನ್ಸ್ ನಮುತ್ ಅವರು ಅಮೆರಿಕದ ಚಿತ್ರಕಾರ ಜಾಕ್ಸನ್ ಪೊಲಾಕ್ ಅವರನ್ನು ಗಾಜಿನ ಮೇಲೆ ಚಿತ್ರ ಮಾಡಲು ಹಚ್ಚಿ, ಗಾಜಿನ ಕೆಳಗಿನಿಂದ ಚಿತ್ರೀಕರಿಸಿದ್ದರು. ಲೋಹಕ್ಕೆ ಆ ದಾರಿ ಇಲ್ಲ. ಇಲ್ಲಿ ಕ್ಯಾಮೆರಾ ಎಡಗಡೆ, ಮೊಣಕಾಲಿನ ಎತ್ತರಕ್ಕೆ, ಕಾರ್ಖಾನೆಯಲ್ಲಿ ನೆಲದ ಮೇಲೆ ಕೂತವನ ಎದುರು ತಾನೂ ಕೂತಿದೆ. ಮೇಲಿನಿಂದ ನೇರವಾಗಿ ಕೆಳಗೆ ನೋಡುವ ದೃಶ್ಯ ಒಂದೂ ಇಲ್ಲ. ಅಡುಗೆ ವಿಡಿಯೋಗಳಿಂದ ಬಂದ ಆ ಕೋನ ಬಿದ್ರಿಗೆ ಹೊಂದುವುದಿಲ್ಲ: ಬಗ್ಗಿ ಕೆಲಸ ಮಾಡುವವನ ತಲೆ ಅಡ್ಡ ಬರುತ್ತದೆ, ಅಲ್ಲದೆ ಕೆತ್ತಿದ ಕಾಲುವೆಯ ಆಳ ಮೇಲಿನಿಂದ ತಿಳಿಯುವುದೇ ಇಲ್ಲ.

ಬೆಳಕಿನ ವಿಚಾರಕ್ಕೆ ಬಂದರೆ, ಕಪ್ಪು ಲೋಹ ಮತ್ತು ಬೆಳ್ಳಿ ಒಂದೇ ಚೌಕಟ್ಟಿನಲ್ಲಿದ್ದಾಗ ಕ್ಯಾಮೆರಾ ತಾನಾಗಿ ಲೆಕ್ಕ ಹಾಕಿದರೆ ಕಪ್ಪನ್ನು ಬೂದಿ ಬಣ್ಣಕ್ಕೆ ಎತ್ತಿ, ಬೆಳ್ಳಿಯ ಹೂವನ್ನು ಬರೀ ಬಿಳಿ ಕಲೆ ಮಾಡಿಬಿಡುತ್ತದೆ. ಕ್ಯಾಮೆರಾ ತೋರಿಸುವುದಕ್ಕಿಂತ ಒಂದರಿಂದ ಒಂದೂವರೆ ಸ್ಟಾಪ್ (ಒಂದು ಸ್ಟಾಪ್ ಇಳಿಸಿದರೆ ಬೆಳಕು ಅರ್ಧ) ಕಡಿಮೆ ಇಟ್ಟು ಬೆಳ್ಳಿಯನ್ನು ಉಳಿಸಿಕೊಳ್ಳಬೇಕು. ದೀಪವನ್ನು ಪಾತ್ರೆಗೆ ನೇರ ಹೊಡೆಯಬಾರದು. ಬೆಳ್ಳಿ ಕನ್ನಡಿಯಿದ್ದಂತೆ, ಎದುರಿಗೆ ಏನಿದೆಯೋ ಅದನ್ನೇ ತೋರಿಸುತ್ತದೆ. ಸಣ್ಣ ದೀಪವಿದ್ದರೆ ಸಣ್ಣ ಚುಕ್ಕೆ, ದೊಡ್ಡ ಬಿಳಿ ಬಟ್ಟೆಯಿದ್ದರೆ ಇಡೀ ತಂತಿ ಬೆಳಗುತ್ತದೆ. ಈ ಹುಡುಗರು ಒಂದು ಬಿಳಿ ಪಂಚೆಯನ್ನು ಹಗ್ಗಕ್ಕೆ ಕಟ್ಟಿ, ಅದರ ಹಿಂದಿನಿಂದ ಒಂದೇ ಎಲ್‌ಇಡಿ ದೀಪ ಹಾಕಿದ್ದಾರೆ. ಕಾರ್ಖಾನೆಯ ಟ್ಯೂಬ್‌ಲೈಟ್ ಆರಿಸದೆಯೂ ತೆರೆಯ ಮೇಲೆ ಪಟ್ಟೆ ಓಡದಿರಲು ಸೆಕೆಂಡಿಗೆ 25 ಫ್ರೇಮಿನಲ್ಲಿ ಶಟರ್ 1/50 ಸೆಕೆಂಡು ಇಟ್ಟಿದ್ದಾರೆ. ನಮ್ಮಲ್ಲಿ ವಿದ್ಯುತ್ತು 50 ಹರ್ಟ್ಸ್, ಶಟರ್ ಅದಕ್ಕೆ ಹೊಂದಬೇಕು. 1/60 ಇಟ್ಟವರ ವಿಡಿಯೋದಲ್ಲಿ ಟ್ಯೂಬಿನ ಬೆಳಕು ಮಿಡಿಯುತ್ತ, ಪಟ್ಟೆಗಳು ಮೆಲ್ಲಗೆ ಏರಿಳಿಯುತ್ತವೆ.

ಧ್ವನಿ ಈ ಚಿತ್ರದ ದೊಡ್ಡ ಆಸ್ತಿ. ಉಳಿಯ ಪೆಟ್ಟಿಗೆ ಒಂದು ಲಯವಿದೆ. ನೇರ ಗೆರೆಯಲ್ಲಿ ಬಿರುಸು, ಹೂವಿನ ಎಸಳು ತಿರುಗುವಲ್ಲಿ ನಿಧಾನ. ಅಂಗಿಗೆ ಸಿಕ್ಕಿಸುವ ಕಾಲರ್ ಮೈಕಿನಲ್ಲಿ ತೋಳು ಆಡಿದಾಗಲೆಲ್ಲ ಬಟ್ಟೆಯ ಸರಬರವೇ ತುಂಬಿಕೊಳ್ಳುತ್ತದೆ. ಇವರು ಕೆಲಸದ ಕಲ್ಲಿನಿಂದ ಎರಡು ಅಡಿ ದೂರದಲ್ಲಿ ಬೇರೆ ಮೈಕ್ ಇಟ್ಟು, ಪೆಟ್ಟಿನ ತುದಿ ಮೈನಸ್ 12 ಡೆಸಿಬಲ್ ದಾಟದಂತೆ ನೋಡಿಕೊಂಡಿದ್ದಾರೆ. ಪೆಟ್ಟು ನೆಲದ ಮೂಲಕ ಟ್ರೈಪಾಡಿಗೆ ಹತ್ತಿ ಚಿತ್ರ ನಡುಗುತ್ತದೆಂದು ಟ್ರೈಪಾಡಿನ ಮೂರು ಕಾಲಿನಡಿ ಮಡಚಿದ ಕಂಬಳಿ ಹಾಕಿದ್ದಾರೆ. ಫ್ಯಾನ್ ಬಂದ್. ಏಪ್ರಿಲ್, ಮೇ ತಿಂಗಳಲ್ಲಿ 40 ಡಿಗ್ರಿ ದಾಟುವ ನಮ್ಮ ಕಡೆ ಫ್ಯಾನ್ ಆರಿಸಿ ಕೂರುವುದೆಂದರೆ ಸಣ್ಣ ಮಾತಲ್ಲ. ಹೀಗಾಗಿ ಮಾತು ಮತ್ತು ಕೆತ್ತನೆಯ ದೃಶ್ಯಗಳನ್ನು ಬೆಳಿಗ್ಗೆ ಆರೂವರೆಯಿಂದ ಹತ್ತರೊಳಗೆ ಮುಗಿಸಿದ್ದಾರೆ. ಕ್ಯಾಮೆರಾಗೂ ಅದೇ ಹಿತ. ಮಧ್ಯಾಹ್ನದ ಧಗೆಯಲ್ಲಿ ಸಣ್ಣ ಕ್ಯಾಮೆರಾಗಳು 4ಕೆ ದಾಖಲಿಸುತ್ತ ಬಿಸಿಯೇರಿ ತಾವೇ ನಿಂತುಬಿಡುತ್ತವೆ.

ಇಷ್ಟು ಪಾಡುಪಟ್ಟು ಹಿಡಿದ ಆ ಸದ್ದನ್ನು ಸಂಕಲನದಲ್ಲಿ ಏನು ಮಾಡಿದ್ದಾರೆ? ಕೊಳಲು, ವಯಲಿನ್ ಬೆರೆತ ರೆಡಿಮೇಡ್ ಸಂಗೀತದಡಿ ಹೂತುಹಾಕಿದ್ದಾರೆ. 24 ನಿಮಿಷದಲ್ಲಿ ಸಂಗೀತವಿಲ್ಲದ ಹೊತ್ತು ಮೂರು ನಿಮಿಷವೂ ಇಲ್ಲ. ನೋಡುಗನಿಗೆ ಉಳಿಯ ಸದ್ದು ಬೇಸರವಾದೀತೆಂಬ ಭಯ ಇದಕ್ಕೆ ಕಾರಣ. ಆ ಭಯಕ್ಕೆ ಆಧಾರವಿಲ್ಲ. ಒಬ್ಬ ಮನುಷ್ಯ ಬೆಳ್ಳಿ ತಂತಿಯ ತುದಿಯನ್ನು ಕಾಲುವೆಗೆ ಇಟ್ಟು, ತಟ್ಟಿ, ಸಾಲದೆಂದು ಕಿತ್ತು, ಮತ್ತೆ ಇಡುವ ಒಂದು ದೃಶ್ಯ ಚಿತ್ರದಲ್ಲಿದೆ. ಅಲ್ಲಿ ಸಂಗೀತ ನಿಲ್ಲಿಸಿದ್ದರೆ ಅವನ ಉಸಿರು ಕೇಳುತ್ತಿತ್ತು.

ಎರಕದ ದೃಶ್ಯದಲ್ಲಿ ಇನ್ನೂ ದೊಡ್ಡ ತಪ್ಪಾಗಿದೆ. ಸತು ಕರಗುವುದು 420 ಡಿಗ್ರಿ ಸೆಲ್ಸಿಯಸ್ ಆಸುಪಾಸಿನಲ್ಲಿ. ಆ ಶಾಖಕ್ಕೆ ಲೋಹ ಕೆಂಪಾಗಿ ಕಾಯುವುದಿಲ್ಲ. ಪಾದರಸದ ಹಾಗೆ ಬೆಳ್ಳಗೆ, ತಣ್ಣಗಿದೆಯೋ ಎಂಬಂತೆ ಅಚ್ಚಿನೊಳಗೆ ಇಳಿಯುತ್ತದೆ. ಅದೇ ಅದರ ಸೊಗಸು, ಅಪಾಯವೂ ಅದೇ. ಬಣ್ಣ ತಿದ್ದುವವರು ಇಡೀ ದೃಶ್ಯಕ್ಕೆ ಕಿತ್ತಳೆ ಬಣ್ಣ ಬಳಿದು ಕಮ್ಮಾರನ ಕುಲುಮೆ ಮಾಡಿಬಿಟ್ಟಿದ್ದಾರೆ. ಬಿದ್ರಿ ಬಲ್ಲವರು ಯಾರೇ ನೋಡಿದರೂ ಈ ದೃಶ್ಯದಲ್ಲೇ ಚಿತ್ರದ ಮೇಲಿನ ನಂಬಿಕೆ ಹೋಗುತ್ತದೆ.

ನಂಬಿಕೆ ಕೆಡುವ ಇನ್ನೊಂದು ಜಾಗ: ಎರಕ ಹೊಯ್ದದ್ದು ಅಗಲ ಬಾಯಿಯ ಹೂದಾನಿ, ಬೆಳ್ಳಿ ಕೂರಿಸುವುದು ಉದ್ದ ಕತ್ತಿನ ಸುರಾಹಿಗೆ, ಕೊನೆಗೆ ಕಪ್ಪಾಗುವುದು ಅಶರ್ಫಿ ಬೂಟಿ ಎಂಬ ವಿನ್ಯಾಸದ ಒಂದು ಡಬ್ಬಿ. ಮೂರೂ ಒಂದೇ ಪಾತ್ರೆಯೆಂಬಂತೆ ಜೋಡಿಸಿದ್ದಾರೆ. ಒಂದು ಪಾತ್ರೆ ಎರಕದಿಂದ ಮುಗಿಯುವ ತನಕ ಕಾಯಲು ಮೂರು ದಿನ ಸಾಲುವುದಿಲ್ಲ, ಒಪ್ಪುವ ಮಾತು. ಅದಕ್ಕೆ ದಾರಿ, ಒಂದೇ ಅಚ್ಚಿನ, ಒಂದೇ ವಿನ್ಯಾಸದ ನಾಲ್ಕು ಪಾತ್ರೆಗಳನ್ನು ನಾಲ್ಕು ಹಂತಗಳಲ್ಲಿ ಮೊದಲೇ ಸಿದ್ಧ ಇಡಲು ಕುಶಲಕರ್ಮಿಗೆ ಹೇಳುವುದು. ಆ ಹೆಚ್ಚಿನ ಪಾತ್ರೆಗಳ ಸಾಮಾನು, ಕೂಲಿ ಕೊಡಬೇಕಾದವರು ಚಿತ್ರ ಮಾಡಿಸುವವರೇ. ಇಲ್ಲವಾದರೆ ಬೇರೆ ಬೇರೆ ಪಾತ್ರೆ ಎಂದು ಉಪಶೀರ್ಷಿಕೆಯಲ್ಲಿ ಒಂದು ಸಾಲು ಹಾಕಿದರೂ ಸಾಕಿತ್ತು.

ಕಪ್ಪಾಗಿಸುವ ದೃಶ್ಯವೇ ಚಿತ್ರದ ಜೀವ. ಕೋಟೆಯ ಒಳಗಿನ ಬಿಸಿಲು, ಮಳೆ ತಾಕದ ಹಳೆಯ ಜಾಗದ ಮಣ್ಣೇ ಇದಕ್ಕೆ ಬೇಕು. ನಾಲಿಗೆಯ ಮೇಲಿಟ್ಟು ರುಚಿ ನೋಡಿ ಆರಿಸುತ್ತಾರೆ. ನಾಲಿಗೆಗೆ ಮಣ್ಣು ತಾಗುವ ಆ ಕ್ಷಣವನ್ನು ಇವರು ಹತ್ತಿರದಿಂದ, ತುಂಡರಿಸದೆ ಹಿಡಿದಿದ್ದಾರೆ. ಮೂರೂ ಚಿತ್ರಗಳಲ್ಲಿ ಅತ್ಯುತ್ತಮ ಶಾಟ್ ಅದು. ಪಾತ್ರೆ ಅದ್ದುವುದು ಮಾತ್ರ ಒಂದೇ ಸಲ. ಕಪ್ಪಾದದ್ದನ್ನು ‘ಇನ್ನೊಮ್ಮೆ ಮಾಡ್ರಿ’ ಎನ್ನಲಾಗದು. ಇಲ್ಲಿ ಎರಡು ಕ್ಯಾಮೆರಾ ಕಡ್ಡಾಯ: ಒಂದು ಪಾತ್ರೆಯ ಮೇಲೆ, ಇನ್ನೊಂದು ಮುಖದ ಮೇಲೆ. ವೈಟ್ ಬ್ಯಾಲೆನ್ಸ್ (ಕ್ಯಾಮೆರಾದ ಬಣ್ಣದ ಹೊಂದಾಣಿಕೆ) ಕಟ್ಟಿಹಾಕಿರಬೇಕು. ಆಟೋದಲ್ಲಿ ಬಿಟ್ಟರೆ ಚೌಕಟ್ಟಿನಲ್ಲಿ ಬಣ್ಣಗಳ ಪಾಲು ಬದಲಾದಂತೆ ಕ್ಯಾಮೆರಾ ತಾನೇ ತಿದ್ದಿಕೊಳ್ಳಹೋಗಿ, ಲೋಹ ಬಣ್ಣ ಬದಲಿಸಿತೋ ಕ್ಯಾಮೆರಾ ಬದಲಿಸಿತೋ ತಿಳಿಯದಂತಾಗುತ್ತದೆ. ಕುದಿಯುವ ನೀರಿನ ನೇರ ಮೇಲೆ ಲೆನ್ಸ್ ಹಿಡಿದರೆ ಹಬೆ ಕೂತು ಮಸುಕು. ಪಕ್ಕದಿಂದ, ಓರೆಯಾಗಿ ಹಿಡಿಯಬೇಕು. ಇವೆಲ್ಲವನ್ನೂ ತಂಡ ಪಾಲಿಸಿದೆ. ಆದರೆ ಸಂಕಲನದಲ್ಲಿ ಈ ದೃಶ್ಯಕ್ಕೆ ಸಿಕ್ಕದ್ದು ಹನ್ನೊಂದು ಸೆಕೆಂಡು, ಅದೂ ಸ್ಲೋ ಮೋಷನ್. ಲೋಹ ಕಪ್ಪಾಗುವ ವೇಗ ಎಷ್ಟೆಂಬುದೇ ಇಲ್ಲಿ ಸುದ್ದಿ. ಅದನ್ನು ನಿಧಾನಿಸಿದರೆ ಸುಳ್ಳಾಗುತ್ತದೆ, ಕತ್ತರಿಸಿದರೆ ನಷ್ಟ. ಇಡೀ ಶಾಟನ್ನು ಅದರ ವೇಗದಲ್ಲೇ ಬಿಡಬೇಕಿತ್ತು.

ಬದಲಿಗೆ ಮೊದಲ ಎರಡೂವರೆ ನಿಮಿಷ ಊರಿನ ಆಕಾಶ ನೋಟ. ಬೀದರಿನಲ್ಲಿ ಡ್ರೋನ್ ಹಾರಿಸುವ ಮುನ್ನ ಎರಡು ಸಲ ಯೋಚಿಸಬೇಕು. ವಾಯುಪಡೆಯ ನೆಲೆ ಇರುವ ಊರು; ಕೋಟೆಯೋ ಪುರಾತತ್ತ್ವ ಇಲಾಖೆಯ ರಕ್ಷಿತ ಸ್ಮಾರಕ. ಅನುಮತಿ ಪತ್ರವಿಲ್ಲದ ದೃಶ್ಯ ಚಿತ್ರದಲ್ಲಿದ್ದರೆ ತೊಂದರೆ ಬರುವುದು ಸ್ಟುಡಿಯೋಗೆ ಮಾತ್ರವಲ್ಲ, ಚಿತ್ರದಲ್ಲಿ ಮುಖ ತೋರಿಸಿದ ಕುಶಲಕರ್ಮಿಗೂ.

ಸುರಪುರದ ಚಿತ್ರ ಚಿಕ್ಕದು, ಅದರಿಂದ ಕಲಿಯಬೇಕಾದದ್ದು ಒಂದೇ, ಆದರೆ ದೊಡ್ಡದು. ಮೆರುಗಿರುವ ಚಿತ್ರಗಳ ಮೇಲೆ ದೀಪದ ಹೊಳಪು ಬರದಂತೆ ದೀಪಗಳ ಮುಂದೆ ಪೋಲರೈಸಿಂಗ್ ಹಾಳೆ (ಒಂದೇ ದಿಕ್ಕಿನಲ್ಲಿ ಕಂಪಿಸುವ ಬೆಳಕನ್ನಷ್ಟೇ ಬಿಡುವ ಹಾಳೆ), ಲೆನ್ಸಿಗೆ ಅದೇ ಗುಣದ ಪೋಲರೈಸರ್ ಹಾಕಿ ಒಂದಕ್ಕೊಂದು ಅಡ್ಡ ತಿರುಗಿಸುವ ವಿಧಾನವಿದೆ. ತೈಲವರ್ಣಕ್ಕೆ ಅದು ಚೆನ್ನ. ಚಿನ್ನದ ರೇಕು ಹಚ್ಚಿದ ಸುರಪುರದ ಚಿತ್ರಕ್ಕೆ ಅದನ್ನೇ ಬಳಸಿದ್ದರಿಂದ ದೇವರ ಕಿರೀಟ, ಒಡವೆಗಳೆಲ್ಲ ಸುಟ್ಟ ಕಂದು ಬಣ್ಣಕ್ಕೆ ತಿರುಗಿವೆ. ಕಾರಣ ಸರಳ. ಲೋಹದಿಂದ ಮರಳುವ ಬೆಳಕು ಬಂದ ದಿಕ್ಕಿನ ಕಂಪನವನ್ನೇ ಉಳಿಸಿಕೊಂಡಿರುತ್ತದೆ. ಅಡ್ಡ ತಿರುಗಿಸಿದ ಪೋಲರೈಸರ್ ಅದನ್ನು ಪೂರ್ತಿ ತಡೆಯುತ್ತದೆ. ಚಿನ್ನವಿರುವ ಕಡೆ ಹಾಳೆ ತೆಗೆದು, ಪಕ್ಕದಲ್ಲಿ ಒಂದು ಬಿಳಿ ರಟ್ಟು ಹಿಡಿದು ಅದನ್ನು ಮೆಲ್ಲಗೆ ಸರಿಸಿದರೆ ಚಿನ್ನ ಬೆಳಕು ಕುಡಿಯುತ್ತ ಹೋಗುವುದು ಕಾಣುತ್ತದೆ. ಈ ಶೈಲಿಯ ಚಿತ್ರವನ್ನು ಕೈಯಲ್ಲಿ ಹಿಡಿದು ನೋಡುವವರು ಮಾಡುವುದೂ ಅದನ್ನೇ, ಸ್ವಲ್ಪ ಓರೆ ಮಾಡಿ ನೋಡುವುದು.

ತೈಲವರ್ಣದ ಚಿತ್ರದಲ್ಲಿ ಪೋಲರೈಸರ್ ಸರಿಯಾಗಿ ಕೆಲಸ ಮಾಡಿದೆ, ತುಸು ಹೆಚ್ಚೇ ಮಾಡಿದೆ. ಹೊಳಪನ್ನು ಪೂರ್ತಿ ಕೊಂದರೆ ದಪ್ಪ ಬಣ್ಣದ ಉಬ್ಬು, ಕುಂಚದ ಗೀರು ಕೂಡ ಸಾಯುತ್ತವೆ. ಕ್ಯಾನ್ವಾಸು ಅಚ್ಚು ಹಾಕಿದ ಕ್ಯಾಲೆಂಡರಿನಂತೆ ಚಪ್ಪಟೆ. ಒಂದು ದೀಪವನ್ನು ಕ್ಯಾನ್ವಾಸಿನ ಬದಿಯಿಂದ, ಅದಕ್ಕೆ ಹೆಚ್ಚುಕಡಿಮೆ ತಾಗಿಕೊಂಡಂತೆ ಓರೆಯಾಗಿ ಬಿಟ್ಟು, ಪೋಲರೈಸರನ್ನು ಅರ್ಧ ಮಾತ್ರ ತಿರುಗಿಸಬೇಕು. ಪೋಲರೈಸರ್ ಒಂದೂವರೆ ಸ್ಟಾಪಿನಷ್ಟು ಬೆಳಕು ತಿನ್ನುತ್ತದೆ, ದೀಪದ ಮುಂದಿನ ಹಾಳೆ ಇನ್ನೊಂದು ಸ್ಟಾಪಿಗೂ ಹೆಚ್ಚು; ಅದಕ್ಕೆ ತಕ್ಕ ದೀಪ ತಂದಿದ್ದಾರೋ ಎಂದು ಮೊದಲೇ ಕೇಳಿ.

ಇದೇ ಚಿತ್ರದಲ್ಲಿ ಮೂರು ಗಂಟೆಯ ಕೆಲಸವನ್ನು 20 ಸೆಕೆಂಡಿಗೆ ಇಳಿಸಿದ ಟೈಮ್‌ಲ್ಯಾಪ್ಸ್ ಒಂದಿದೆ. ಲೆಕ್ಕ ಸರಿ: ಸೆಕೆಂಡಿಗೆ 25ರಂತೆ 500 ಫ್ರೇಮು, 21–22 ಸೆಕೆಂಡಿಗೊಂದು ತೆಗೆದದ್ದು. ತಾಂತ್ರಿಕವಾಗಿ ಎಲ್ಲೂ ಮಿಡಿತವಿಲ್ಲ. ಆದರೆ ಕಲಾವಿದ ಹಿಂದೆ ಸರಿದು ನಿಂತು ನೋಡುವ ಹೊತ್ತು, ಬಳಿದದ್ದನ್ನು ಚಿಂದಿಯಿಂದ ಒರೆಸಿ ತೆಗೆಯುವ ಹೊತ್ತು ಎಲ್ಲವೂ ಆ ಓಟದಲ್ಲಿ ಹಾರಿಹೋಗಿವೆ. ಚಿತ್ರ ಆಗುವುದು ಆ ನಿಂತ ಹೊತ್ತಿನಲ್ಲೇ. ಒಂದು ನಿರ್ಧಾರವನ್ನಾದರೂ, ಉದಾಹರಣೆಗೆ ಕೆನ್ನೆಯ ಮೇಲಿನ ಒಂದು ಬೆಳಕನ್ನು, ಎರಡು–ಮೂರು ನಿಮಿಷ ಇದ್ದ ಹಾಗೇ ತೋರಿಸಬೇಕು.

ಕಲಬುರಗಿಯ ಕಲಾವಿದನ ಚಿತ್ರವೆಂದರೆ ಇದೇ ಊರಿನ ಹೆಸರಾಂತ ಚಿತ್ರಕಾರ ಎಸ್.ಎಂ. ಪಂಡಿತರ ನೆನಪು ಬರಲೇಬೇಕು, ಬಂದಿದೆ. ಅವರ ಕ್ಯಾಲೆಂಡರ್ ಚಿತ್ರಗಳ ಮೇಲೆ ಕ್ಯಾಮೆರಾ ಮೆಲ್ಲಗೆ ಹರಿದಾಡುವ ಒಂದು ನಿಮಿಷ ಕಣ್ಣಿಗೆ ಹಬ್ಬ. ಪಂಡಿತರು ತೀರಿಕೊಂಡದ್ದು 1993ರಲ್ಲಿ. ನಮ್ಮ ಕಾನೂನಿನಲ್ಲಿ ಕಲಾಕೃತಿಯ ಹಕ್ಕು ಕಲಾವಿದನ ನಂತರ 60 ವರ್ಷ ಇರುತ್ತದೆ, ಅಂದರೆ 2053ರ ಕೊನೆಯವರೆಗೆ. ಗೋಡೆಯ ಮೇಲಿನ ಕ್ಯಾಲೆಂಡರ್ ಹಿನ್ನೆಲೆಯಲ್ಲಿ ಹಾದುಹೋದರೆ ಬೇರೆ ಮಾತು. ಕ್ಯಾಮೆರಾ ಅದರ ಮೇಲೇ ನಿಂತರೆ ಹಕ್ಕುದಾರರ ಒಪ್ಪಿಗೆ ಬರಹದಲ್ಲಿ ಇರಬೇಕು. ಹಳೆಯ ಕ್ಯಾಲೆಂಡರ್‌ಗಳ ಹಕ್ಕು ಪ್ರಕಾಶಕರ ಕೈಯಲ್ಲೂ ಇರಬಹುದು. ಈ ವಿಚಾರಿಸುವ ಕೆಲಸವನ್ನು ಸ್ಟುಡಿಯೋ ಮಾಡುವುದಿಲ್ಲ, ಮಾಡಿಸುವವರೇ ಮಾಡಿಕೊಳ್ಳಬೇಕು.

ಉಪಶೀರ್ಷಿಕೆ ಮೂರರಲ್ಲೂ ನೋವುಂಟುಮಾಡುತ್ತದೆ. ಬಿದ್ರಿ ಕೆಲಸದವರು ದಖ್ಖನಿಯಲ್ಲೂ (ಈ ಭಾಗದ ಉರ್ದು) ನಮ್ಮ ಕಡೆಯ ಕನ್ನಡದಲ್ಲೂ ಮಾತಾಡುತ್ತಾರೆ. ‘ಮಣ್ಣು ನಾಲಿಗಿ ಮ್ಯಾಲ ಇಟ್ಟು ನೋಡ್ತೀವ್ರಿ’ ಎನ್ನುವ ಮಾತಿನ ಕೆಳಗೆ ‘ಮಣ್ಣಿನ ಗುಣಮಟ್ಟವನ್ನು ರುಚಿಯ ಮೂಲಕ ಪರೀಕ್ಷಿಸಲಾಗುತ್ತದೆ’ ಎಂದು ಬರೆದಿದ್ದಾರೆ. ಕನ್ನಡ ಮಾತಿಗೆ ಕನ್ನಡ ಉಪಶೀರ್ಷಿಕೆಯೇ ಬೇಕಿರಲಿಲ್ಲ. ದಖ್ಖನಿಗೆ ಮಾತ್ರ ಸಾಕು. ಪ್ರತಿಯೊಂದು ಉಳಿಗೂ ಕುಶಲಕರ್ಮಿ ಬೇರೆ ಹೆಸರು ಹೇಳುತ್ತಾರೆ, ಕೆಳಗೆ ಎಲ್ಲದಕ್ಕೂ ‘ಉಪಕರಣ’. ಆ ಹೆಸರುಗಳನ್ನು ಉಳಿಸುವುದಕ್ಕೇ ಇಂಥ ಚಿತ್ರ ಮಾಡಿಸುವುದಲ್ಲವೇ? ಅಕ್ಷರದ ತೊಂದರೆಯೂ ಇದೆ. ಹಳೆಯ ನುಡಿ ಫಾಂಟಿನಲ್ಲಿ ಟೈಪ್ ಮಾಡಿದ್ದನ್ನು ಯೂನಿಕೋಡಿಗೆ ಬದಲಿಸುವಾಗ ಅರ್ಕಾವತ್ತು ಜಾಗ ತಪ್ಪಿದೆ. ಎರಡು ಸಾಲಿನ ಉಪಶೀರ್ಷಿಕೆಯಲ್ಲಿ ಮೇಲಿನ ಸಾಲಿನ ಒತ್ತಕ್ಷರ ಕೆಳಗಿನ ಸಾಲಿನ ತಲೆಕಟ್ಟಿಗೆ ಬಡಿಯುತ್ತದೆ. ಮೊದಲಿಂದಲೂ ಯೂನಿಕೋಡಿನಲ್ಲೇ ಟೈಪ್ ಮಾಡಿಸಿ, ಸಾಲಿನ ಅಂತರ ಒಂದೂವರೆ ಪಟ್ಟು ಇಡಿಸಿದರೆ ಎರಡೂ ಸರಿಹೋಗುತ್ತವೆ.

ಒಪ್ಪಂದದಲ್ಲಿ ಬರೆಸಲೇಬೇಕಾದ್ದು ಕಚ್ಚಾ ದೃಶ್ಯಗಳ ಮಾತು. 24 ನಿಮಿಷದ ಬಿದ್ರಿ ಚಿತ್ರಕ್ಕೆ ಆರು ಗಂಟೆಯಷ್ಟು ದೃಶ್ಯ ತೆಗೆದಿದ್ದಾರೆ. ಸೆಕೆಂಡಿಗೆ 100 ಮೆಗಾಬಿಟ್‌ನ 4ಕೆ ಗಂಟೆಗೆ 45 ಜಿ.ಬಿ. ಹಿಡಿದರೆ ಒಟ್ಟು 270 ಜಿ.ಬಿ.; ಒಂದು ಪ್ರತಿಗೆ ಒಂದು ಟಿ.ಬಿ. ಹಾರ್ಡ್ ಡಿಸ್ಕ್ ಬೇಕಾದಷ್ಟು. ಈ ಸ್ಟುಡಿಯೋ ಚಿತ್ರ ಒಪ್ಪಿಸಿದ ಒಂದು ತಿಂಗಳಿಗೆ ಕಚ್ಚಾ ದೃಶ್ಯ ಅಳಿಸಿಬಿಡುತ್ತದೆ, ಕೇಳಿದರೆ ಮಾತ್ರ ಕೊಡುತ್ತದೆ. ನಿಮ್ಮದೇ ಎರಡು ಡಿಸ್ಕ್ ಕೊಟ್ಟು, ಒಂದನ್ನು ಕುಶಲಕರ್ಮಿಯ ಮನೆಯಲ್ಲೇ ಇಡಿ. ಕೆತ್ತನೆಯ ಎರಡು ಶಾಟ್, ಕಪ್ಪಾಗಿಸುವ ಒಂದು ಶಾಟ್ ತುಂಡರಿಸದೆ, ಸಂಗೀತವಿಲ್ಲದೆ, ಸಹಜ ವೇಗದಲ್ಲಿ ಇರಬೇಕೆಂದು ನಿಮಿಷದ ಲೆಕ್ಕ ಸಹಿತ ಬರೆಸಿ. ಸಂಕಲನದ ಮೊದಲ ಪ್ರತಿಯನ್ನು ಹಿನ್ನೆಲೆ ಸಂಗೀತ ಹಾಕುವ ಮೊದಲೇ ತೋರಿಸಬೇಕೆಂದೂ ಬರೆಸಿ. ದರದಲ್ಲಿ ಎರಡು ಸಲ ತಿದ್ದುಪಡಿ ಸೇರಿದೆ; ಮೂರನೆಯದಕ್ಕೆ 3,000 ರೂಪಾಯಿ.

ಕಾಯ್ದಿರಿಸಲು ಒಳ್ಳೆಯ ಹೊತ್ತು ಆಷಾಢ. ಮದುವೆಗಳಿಲ್ಲದ್ದರಿಂದ ತಂಡದ ಹಿರಿಯರೇ ಬರುತ್ತಾರೆ; ಮದುವೆ ಹಂಗಾಮಿನಲ್ಲಿ ಕಲಿಯುವ ಹುಡುಗರನ್ನು ಕಳಿಸುತ್ತಾರೆ. ಮೋಡದ ಬೆಳಕು ಬೆಳ್ಳಿಗೂ ಹಿತ, ಪಂಚೆ ಕಟ್ಟುವ ಕೆಲಸವೂ ತಪ್ಪುತ್ತದೆ. ಎರಕದ ದೃಶ್ಯವನ್ನು ಮಾತ್ರ ಮಳೆ ಹಿಡಿಯುವ ಮುನ್ನವೇ ತೆಗೆಸಿಟ್ಟುಕೊಳ್ಳಿ. ಅಚ್ಚಿನ ಮಣ್ಣು ತೇವ ಹೀರಿದ್ದರೆ ಕಾದ ಲೋಹ ತಾಗಿದೊಡನೆ ಆವಿ ಎದ್ದು ಪಾತ್ರೆಯ ಮೈಯಲ್ಲಿ ತೂತು ಬೀಳುತ್ತವೆ, ಲೋಹ ಹೊರಗೆ ಸಿಡಿಯುವುದೂ ಉಂಟು. ಅಂಥ ದಿನ ಎರಕ ಬೇಡವೆಂದು ಕುಶಲಕರ್ಮಿ ಹೇಳಿದರೆ ಕ್ಯಾಮೆರಾ ಬಾಡಿಗೆಯ ಲೆಕ್ಕ ತೆಗೆಯದೆ ಮರುದಿನ ಬನ್ನಿ.